ಏಕವಚನ ಪ್ರಯೋಗ: ಇಂಗ್ಲಿಷಿನ ಒಂದು ಸತ್ತ ಕ್ರಿಯಾಪದದ ವಿಚಾರ

ಒಂದು ಭಾನುವಾರ ಬೆಳಿಗ್ಗೆ ನಮ್ಮ ಮನೆಯಲ್ಲಿ ನಡೆದ ಸಣ್ಣ ಪ್ರಸಂಗವೊಂದು ಈ ಲೇಖನಕ್ಕೆ ಕಾರಣ. ಏಳನೆಯ ತರಗತಿಯಲ್ಲಿ ಓದುತ್ತಿರುವ ನಮ್ಮ ಮಗಳು ತುಮಕೂರು ಜಿಲ್ಲೆಯ ಊರಿನಲ್ಲಿರುವ ಅಜ್ಜಿಗೆ ಫೋನು ಮಾಡಿ, “ಅಜ್ಜಿ, ನೀವು ಹೇಗಿದ್ದೀರಿ? ನಿಮ್ಮ ಊಟ ಆಯಿತಾ?” ಎಂದು ಕೇಳಿದಳು. ದೆಹಲಿಯಲ್ಲೇ ಹುಟ್ಟಿ ಬೆಳೆದ ಮಗು ಎಷ್ಟು ಮರ್ಯಾದೆಯ ಕನ್ನಡ ಆಡುತ್ತಾಳಲ್ಲ ಎಂದು ನಾವು ಒಳಗೊಳಗೇ ಹಿಗ್ಗುತ್ತಿದ್ದೆವು. ಅಷ್ಟರಲ್ಲಿ ಅತ್ತ ಕಡೆಯಿಂದ ನಮ್ಮ ತಾಯಿಯವರ ದನಿ ಕೇಳಿಸಿತು: “ಯಾಕೆ ಮಗಾ, ನಾನೇನು ಹೊರಗಿನೋಳಾ? ನೀನು ಅಂತ ಅನ್ನಬಾರದಾ?” ಮಗಳು ಫೋನನ್ನು ನಮ್ಮ ಕೈಗೆ ಕೊಟ್ಟು, “ಅಪ್ಪಾ, ನಾನು ಏನು ತಪ್ಪು ಹೇಳಿದೆ?” ಎಂದಳು.

ತಪ್ಪು ಏನೂ ಇರಲಿಲ್ಲ. ಆದರೂ ಅಜ್ಜಿಗೆ ನೋವಾಗಿತ್ತು. ಇದನ್ನು ಮಗುವಿಗೆ ಹೇಗೆ ವಿವರಿಸುವುದು? ನಾವು ಬಿ.ಎಸ್‌ಸಿ. ಓದಿ ಕೇಂದ್ರ ಸರ್ಕಾರದ ಗುಮಾಸ್ತರಾದವರು. ಸಾಹಿತ್ಯದ ಪಂಡಿತರಲ್ಲ. ಆದರೆ ಆ ದಿನಗಳಲ್ಲಿ ನಾವು, ಹಿಂದೊಮ್ಮೆ ದರಿಯಾಗಂಜಿನ ಫುಟ್‌ಪಾತಿನಲ್ಲಿ ಕೊಂಡಿದ್ದ ಶೇಕ್ಸ್‌ಪಿಯರನ ‘ಟ್ವೆಲ್ಫ್ತ್ ನೈಟ್’ ನಾಟಕವನ್ನು ನಿಧಾನವಾಗಿ ಓದುತ್ತಿದ್ದೆವು. ಅದರಲ್ಲಿ ಸಿಕ್ಕಿದ ಒಂದು ಹಳೆಯ ಪದ ನಮ್ಮ ಮಗಳ ಪ್ರಶ್ನೆಗೆ ಉತ್ತರದ ದಾರಿ ತೋರಿಸಿತು.

‘ದೌ’ ಎಂದರೆ ‘ನೀನು’ ಎಂಬುದು ಶಾಲೆಯಲ್ಲಿ ನಾಲ್ಕು ಇಂಗ್ಲಿಷ್ ಪದ್ಯ ಓದಿದವರಿಗೆಲ್ಲ ಗೊತ್ತು. ನಾವು ಹೇಳಹೊರಟಿರುವುದು ಆ ಸರ್ವನಾಮದಿಂದ ಹುಟ್ಟಿ ಈಗ ಬಳಕೆ ತಪ್ಪಿರುವ ಕ್ರಿಯಾಪದದ ಸಂಗತಿ. ‘ಟು ದೌ’ ಎಂದರೆ ಎದುರಿಗಿರುವವನನ್ನು ‘ದೌ’ ಎಂದು ಕರೆಯುವುದು, ಅರ್ಥಾತ್ ಏಕವಚನದಲ್ಲಿ ಮಾತಾಡಿಸುವುದು. ಫ್ರೆಂಚಿನಲ್ಲಿಯೂ ಜರ್ಮನ್ ಭಾಷೆಯಲ್ಲಿಯೂ ಇದೇ ಅರ್ಥದ ಕ್ರಿಯಾಪದಗಳು ಇಂದಿಗೂ ಜೀವಂತವಾಗಿವೆ. ಇಂಗ್ಲಿಷಿನಲ್ಲಿ ಮಾತ್ರ ಅದು ಹೆಚ್ಚುಕಡಿಮೆ ಸತ್ತಿದೆ. ನಮ್ಮ ಮನೆಯ ಪುಟ್ಟ ನಿಘಂಟು ಸರ್ವನಾಮಕ್ಕೆ ‘ನೀನು’ ಎಂದು ಅರ್ಥ ಕೊಟ್ಟು ಕೈತೊಳೆದುಕೊಂಡಿದೆ, ಕ್ರಿಯಾಪದದ ಸುದ್ದಿಯನ್ನೇ ಎತ್ತಿಲ್ಲ.

ನಾಟಕದ ಸನ್ನಿವೇಶ ಹೀಗಿದೆ. ಕುಡುಕ ಸರ್ ಟೋಬಿ ತನ್ನ ದಡ್ಡ ಗೆಳೆಯ ಸರ್ ಆಂಡ್ರೂವನ್ನು ಎತ್ತಿಕಟ್ಟಿ, ಸಿಸಾರಿಯೋ ಎಂಬ ತರುಣನಿಗೆ ದ್ವಂದ್ವಯುದ್ಧದ ಸವಾಲಿನ ಪತ್ರ ಬರೆಯಲು ಹೇಳುತ್ತಾನೆ. ಪತ್ರದಲ್ಲಿ ಅವನನ್ನು ಒಂದು ಮೂರು ಸಲವಾದರೂ ‘ದೌ’ ಮಾಡು, ತಪ್ಪೇನಿಲ್ಲ ಎಂಬುದು ಅವನ ಸಲಹೆ. ಇದನ್ನು ಓದಿದ ಕನ್ನಡಿಗನಿಗೆ ಟಿಪ್ಪಣಿ ಬೇಕಿಲ್ಲ. “ಏಕವಚನದಲ್ಲಿ ಬರಿ, ಉರಿದುಬೀಳುತ್ತಾನೆ” ಎಂದು ನಮ್ಮ ಊರಿನ ಜಗಲಿಯ ಮೇಲೆ ಕುಳಿತವರೂ ಹೇಳಿಯಾರು. ಸ್ವಾರಸ್ಯವೆಂದರೆ ಈ ಸಲಹೆ ಕೊಡುವಾಗ ಟೋಬಿ ತನ್ನ ಗೆಳೆಯನನ್ನೂ ‘ದೌ’ ಎಂದೇ ಕರೆಯುತ್ತಾನೆ. ಒಂದೇ ವಾಕ್ಯದಲ್ಲಿ ಒಂದೇ ಶಬ್ದ ಸಲಿಗೆಯೂ ಆಗಿದೆ, ಬೈಗುಳವೂ ಆಗಿದೆ. ಆಂಡ್ರೂ ವಿಧೇಯನಾಗಿ ಪತ್ರವನ್ನು ‘ದೌ’ಗಳಿಂದ ತುಂಬುತ್ತಾನೆ. ಆದರೆ ಬರೆದವನು ಪೆದ್ದನೆಂದು ಪತ್ರದಿಂದಲೇ ಗೊತ್ತಾಗಿಬಿಡುತ್ತದೆ ಎಂದು ಟೋಬಿ ಅದನ್ನು ತಲುಪಿಸುವುದೇ ಇಲ್ಲ. ತಲುಪಿದ್ದರೂ, ಆ ಸಿಸಾರಿಯೋ ಗಂಡಿನ ವೇಷದಲ್ಲಿರುವ ವಯೋಲ ಎಂಬ ಹೆಣ್ಣು! ಏಕವಚನದ ಬಾಣ ಗುರಿ ತಪ್ಪಲು ಇದಕ್ಕಿಂತ ಒಳ್ಳೆಯ ಉಪಾಯವಿಲ್ಲ.

ಈ ಕ್ರಿಯಾಪದ ನಗೆನಾಟಕದ ಸರಕು ಮಾತ್ರವಾಗಿರಲಿಲ್ಲ. ೧೬೦೩ರ ನವೆಂಬರಿನಲ್ಲಿ ವಿಂಚೆಸ್ಟರ್ ನಗರದಲ್ಲಿ ಸರ್ ವಾಲ್ಟರ್ ರಾಲೀಯ ಮೇಲೆ ರಾಜದ್ರೋಹದ ವಿಚಾರಣೆ ನಡೆಯಿತು. ಸರ್ಕಾರದ ಪರ ವಾದಿಸಿದವನು ಅಟಾರ್ನಿ ಜನರಲ್ ಎಡ್ವರ್ಡ್ ಕೋಕ್, ಇಂಗ್ಲಿಷ್ ಕಾನೂನಿನ ಇತಿಹಾಸದಲ್ಲಿ ಬಹು ದೊಡ್ಡ ಹೆಸರು. ಆ ಮಹಾಶಯ ತುಂಬಿದ ನ್ಯಾಯಸಭೆಯಲ್ಲಿ ಇದೇ ಕ್ರಿಯಾಪದವನ್ನು ಹಿಡಿದು, ದ್ರೋಹಿಯಾದ ನಿನ್ನನ್ನು ನಾನು ‘ದೌ’ ಮಾಡುತ್ತೇನೆ ಎಂಬ ಅರ್ಥ ಬರುವಂತೆ ರಾಲೀಯ ಮೇಲೆ ಹರಿಹಾಯ್ದ. ಇಬ್ಬರೂ ‘ಸರ್’ ಪದವಿಯವರೇ. ಒಬ್ಬ ಮರ್ಯಾದಸ್ಥನನ್ನು ಮೆಟ್ಟಿಲಿನಿಂದ ಕೆಳಗೆ ತಳ್ಳಲು ಕೋಕನಿಗೆ ಕತ್ತಿ ಬೇಕಾಗಲಿಲ್ಲ, ಸರ್ವನಾಮ ಸಾಕಾಯಿತು. ಅಂದು ರಾಲೀಗೆ ಮರಣದಂಡನೆಯ ತೀರ್ಪಾಯಿತು. ಹಲವು ವರ್ಷಗಳ ಸೆರೆವಾಸ, ಮತ್ತೊಂದು ಸಮುದ್ರಯಾನ ಎಲ್ಲ ಮುಗಿದ ಮೇಲೆ ೧೬೧೮ರಲ್ಲಿ ಆ ತೀರ್ಪು ಜಾರಿಯಾಯಿತು.

ಹದಿನೆಂಟನೆಯ ಶತಮಾನದ ಸಂಪಾದಕ ಥಿಯೋಬಾಲ್ಡ್, ಟೋಬಿಯ ಮಾತು ಕೋಕನನ್ನೇ ಅಣಕಿಸಲು ಬರೆದದ್ದೆಂದು ಊಹಿಸಿದ. ಕೇಳಲು ಸೊಗಸಾಗಿದೆ, ಆದರೆ ತಾರೀಖು ಒಪ್ಪುವುದಿಲ್ಲ. ಮ್ಯಾನಿಂಗ್‌ಹ್ಯಾಮ್ ಎಂಬ ಕಾನೂನು ವಿದ್ಯಾರ್ಥಿಯ ದಿನಚರಿಯಿಂದ ೧೬೦೨ರ ಫೆಬ್ರುವರಿ ೨ರಂದೇ ಈ ನಾಟಕ ಲಂಡನ್ನಿನಲ್ಲಿ ಆಡಲ್ಪಟ್ಟಿತೆಂದು ತಿಳಿಯುತ್ತದೆ. ವಿಚಾರಣೆ ನಡೆದದ್ದು ಅದರ ಮರುವರ್ಷ. ಕಡತಗಳ ನಡುವೆ ಕೆಲಸ ಮಾಡುವ ನಮ್ಮಂಥವರಿಗೆ ತಾರೀಖಿನ ಮೇಲೆ ಸ್ವಲ್ಪ ಮೋಹ ಹೆಚ್ಚು, ಓದುಗರು ಕ್ಷಮಿಸಬೇಕು. ಆದರೆ ಈ ತಾರೀಖಿನಿಂದ ಒಂದು ಲಾಭವಿದೆ. ಕೋಕನನ್ನು ನೋಡಿ ಶೇಕ್ಸ್‌ಪಿಯರ್ ಬರೆಯಲಿಲ್ಲ ಎಂದಮೇಲೆ, ಏಕವಚನವನ್ನು ಆಯುಧವಾಗಿ ಬಳಸುವುದು ಆ ಕಾಲದಲ್ಲಿ ಎಲ್ಲರಿಗೂ ತಿಳಿದ ವಿದ್ಯೆಯಾಗಿತ್ತೆಂದು ಸ್ಪಷ್ಟವಾಗುತ್ತದೆ.

ಆ ವಿದ್ಯೆ ನಮ್ಮಲ್ಲಿಯೂ ಇದೆ. ನಾವು ಹಿಂದೆ ಕೆಲಸ ಮಾಡಿದ ಒಂದು ಕಚೇರಿಯಲ್ಲಿ, ನಿವೃತ್ತಿಗೆ ಹತ್ತಿರವಾಗಿದ್ದ ಜವಾನರೊಬ್ಬರನ್ನು ಹೊಸದಾಗಿ ಬಂದ ಎಳೆಯ ಅಧಿಕಾರಿಯೊಬ್ಬರು ಎಲ್ಲರೆದುರಿಗೆ ‘ತೂ’ ಎಂದು ಕರೆದರು. ಆ ಹಿರಿಯರು ಕೈಯಲ್ಲಿದ್ದ ಫೈಲನ್ನು ಮೇಜಿನ ಮೇಲಿಟ್ಟು, “ಸಾಹೇಬರೇ, ಕೆಲಸ ಎಷ್ಟು ಬೇಕಾದರೂ ಹೇಳಿ. ‘ತೂ’ ಅನ್ನಬೇಡಿ” ಎಂದಷ್ಟೇ ಹೇಳಿ ಹೊರಗೆ ಹೋದರು. ಸಂಬಳ ಕಡಿಮೆಯಾದರೆ ಅರ್ಜಿ ಬರೆಯಬಹುದು. ಏಕವಚನಕ್ಕೆ ಎಲ್ಲಿ ಅರ್ಜಿ ಕೊಡುವುದು? ಅಂದು ನಾವ್ಯಾರೂ ಬಾಯಿ ತೆರೆಯಲಿಲ್ಲ ಎಂಬುದನ್ನೂ ಇಲ್ಲಿ ಒಪ್ಪಿಕೊಳ್ಳಬೇಕು.

ಇಂಗ್ಲೆಂಡಿನಲ್ಲಿ ಇದಕ್ಕೆ ವಿರುದ್ಧವಾದ ದಾರಿಯನ್ನು ಹಿಡಿದವರು ಕ್ವೇಕರ್ ಪಂಥದವರು. ಹದಿನೇಳನೆಯ ಶತಮಾನದ ನಡುವಿನಲ್ಲಿ ಜಾರ್ಜ್ ಫಾಕ್ಸ್ ಮತ್ತು ಅವನ ಸಂಗಡಿಗರು ಬಡವನಿಗೂ ಧಣಿಗೂ ನ್ಯಾಯಾಧೀಶನಿಗೂ ಒಂದೇ ‘ದೌ’ ಎಂದು ಸಾರಿದರು. ಒಬ್ಬ ಮನುಷ್ಯನಿಗೆ ಬಹುವಚನ ಹೇಳುವುದು ಸುಳ್ಳು ಎಂಬುದು ಅವರ ವಾದ. ಇದನ್ನು ಸಾಧಿಸಲು ೧೬೬೦ರಲ್ಲಿ, ಅನೇಕ ಭಾಷೆಗಳ ಏಕವಚನ ಬಹುವಚನಗಳನ್ನು ಪಟ್ಟಿ ಮಾಡಿ ಒಂದು ಪುಸ್ತಕವನ್ನೇ ಅಚ್ಚುಹಾಕಿಸಿದರು. ಕವಿ ಮಿಲ್ಟನ್ನನ ಸ್ನೇಹಿತ ಥಾಮಸ್ ಎಲ್‌ವುಡ್ ತರುಣನಾಗಿದ್ದಾಗ ಈ ಪಂಥಕ್ಕೆ ಸೇರಿ ಸ್ವಂತ ತಂದೆಯನ್ನು ‘ದೌ’ ಎಂದ. ಇನ್ನೊಮ್ಮೆ ಅಂದರೆ ಹಲ್ಲು ಉದುರಿಸುತ್ತೇನೆಂದು ತಂದೆ ಹೇಳಿದ್ದನ್ನು ಅವನು ತನ್ನ ಆತ್ಮಕಥೆಯಲ್ಲಿ ಬರೆದಿದ್ದಾನೆ. ಕ್ವೇಕರರ ಧೈರ್ಯಕ್ಕೆ ನಾವು ತಲೆಬಾಗುತ್ತೇವೆ. ಸಮಾನತೆಗಾಗಿ ಅವರು ಏಟು ತಿಂದರು, ಜೈಲಿಗೂ ಹೋದರು. ಆದರೆ ಅವರ ವ್ಯಾಕರಣವನ್ನು ಒಪ್ಪಲಾರೆವು. ‘ನೀವು’ ಎಂಬುದು ಲೆಕ್ಕದ ಮಾತಲ್ಲ, ಮನಸ್ಸಿನ ಮಾತು. ಮೇಷ್ಟ್ರು ಇಬ್ಬರಿದ್ದಾರೆಂದು ತಿಳಿದು ಯಾರೂ ಮೇಷ್ಟ್ರಿಗೆ ‘ನೀವು’ ಎನ್ನುವುದಿಲ್ಲ.

ಕೊನೆಗೆ ಗೆದ್ದವರು ಕೋಕನೂ ಅಲ್ಲ, ಫಾಕ್ಸನೂ ಅಲ್ಲ. ಗೆದ್ದದ್ದು ‘ಯೂ’. ಮೊದಲು ಬಹುವಚನವಾಗಿದ್ದ ಅದು ಫ್ರೆಂಚರ ಪದ್ಧತಿಯ ಪ್ರಭಾವದಿಂದ ಗೌರವದ ಮಾತಾಗಿ, ಆಮೇಲೆ ಎಲ್ಲರ ಮಾತಾಯಿತು. ಹದಿನೇಳನೆಯ ಶತಮಾನ ಮುಗಿಯುವ ಹೊತ್ತಿಗೆ ‘ದೌ’ ನಾಗರಿಕರ ನಿತ್ಯದ ಮಾತಿನಿಂದ ಜಾರಿ, ಪ್ರಾರ್ಥನೆ, ಕವಿತೆ ಮತ್ತು ಯಾರ್ಕ್‌ಷೈರಿನಂಥ ಕಡೆಯ ಹಳ್ಳಿಮಾತಿನಲ್ಲಿ ಮಾತ್ರ ಉಳಿಯಿತು. ಕಾರಣವನ್ನು ವಿದ್ವಾಂಸರು ಬಗೆಬಗೆಯಾಗಿ ಹೇಳುತ್ತಾರೆ. ನಮಗೆ ಹೆಚ್ಚು ಒಪ್ಪಿಗೆಯಾದದ್ದು ಇದು: ಲಂಡನ್ನಿನಂಥ ಬೆಳೆಯುವ ನಗರದಲ್ಲಿ ಎದುರಿಗೆ ಬಂದವನ ಅಂತಸ್ತು ಏನೆಂದು ತಿಳಿಯುತ್ತಿರಲಿಲ್ಲ. ‘ದೌ’ ಅಂದು ಅವಮಾನ ಮಾಡುವುದಕ್ಕಿಂತ ‘ಯೂ’ ಅಂದು ಬಚಾವಾಗುವುದು ಮೇಲು. ಹೀಗೆ ಎಚ್ಚರಿಕೆ ಅಭ್ಯಾಸವಾಯಿತು, ಅಭ್ಯಾಸವೇ ಭಾಷೆಯಾಯಿತು. ‘ದೌ’ ಎಂಬ ಪದ ಸತ್ತದ್ದು ಒರಟುತನದಿಂದಲ್ಲ, ಅತಿ ಮರ್ಯಾದೆಯಿಂದ. ಸರ್ವನಾಮ ಹೋದಮೇಲೆ ಕ್ರಿಯಾಪದಕ್ಕೆ ನೆಲೆ ಎಲ್ಲಿ? ಎಲ್ಲರೂ ‘ಯೂ’ ಆದಮೇಲೆ ಯಾರನ್ನು ಯಾರು ‘ದೌ’ ಮಾಡುವುದು?

ಇದರಲ್ಲಿ ಒಂದು ತಮಾಷೆಯೂ ಇದೆ. ೧೬೧೧ರ ಇಂಗ್ಲಿಷ್ ಬೈಬಲಿನಲ್ಲಿ, ಮೂಲಭಾಷೆಗಳ ಏಕವಚನವನ್ನು ಅನುಸರಿಸಿ ದೇವರಿಗೂ ಸೇವಕನಿಗೂ ‘ದೌ’ ಎಂದೇ ಇದೆ. ಬೇರೆಡೆ ಬಳಕೆ ತಪ್ಪಿ ಪ್ರಾರ್ಥನೆಯಲ್ಲಿ ಮಾತ್ರ ಉಳಿದದ್ದರಿಂದ, ‘ದೌ’ ಎಂದರೆ ಬಹಳ ಗೌರವದ, ಗಂಭೀರವಾದ ಪದವೆಂದು ಇಂದಿನ ಎಷ್ಟೋ ಜನ ಇಂಗ್ಲಿಷರು ತಿಳಿದಿದ್ದಾರೆ. ನಮ್ಮ ವಚನಕಾರರೂ ದಾಸರೂ ದೇವರನ್ನು ಏಕವಚನದಲ್ಲಿಯೇ ಕರೆದರು. ಅದು ಸಲಿಗೆಯೆಂದು, ಹತ್ತಿರದ ಮಾತೆಂದು ಕನ್ನಡದ ಹಸುಳೆಗೂ ಗೊತ್ತು. ಇಂಗ್ಲಿಷಿನಲ್ಲಿ ದೇವರು ಆ ಒಂದು ಪದದ ಮಟ್ಟಿಗೆ ದೂರವಾದ, ನಮ್ಮಲ್ಲಿ ಇನ್ನೂ ದೂರವಾಗಿಲ್ಲ.

ಶೇಕ್ಸ್‌ಪಿಯರನನ್ನು ಓದುವಾಗಲೂ ಇದೇ ಲಾಭ. ‘ಹ್ಯಾಮ್ಲೆಟ್’ ನಾಟಕದ ಮೂರನೆಯ ಅಂಕದಲ್ಲಿ ರಾಣಿ ತನ್ನ ಮಗನನ್ನು ಅಂತಃಪುರಕ್ಕೆ ಕರೆಸಿ, ತಾಯಿಯ ಸಲಿಗೆಯಲ್ಲಿ ‘ದೌ’ ಎಂದು ಆಕ್ಷೇಪಿಸುತ್ತಾಳೆ. ಮಗ ಅದೇ ವಾಕ್ಯವನ್ನು ತಿರುಗಿಸಿ ‘ಯೂ’ ಎಂದು ಹಿಂದಿರುಗಿಸುತ್ತಾನೆ. ತಾಯಿಯೂ ಮರುಮಾತಿನಲ್ಲೇ ‘ಯೂ’ಗೆ ಇಳಿಯುತ್ತಾಳೆ. ಮೂರೇ ಮಾತಿನಲ್ಲಿ ಅವರ ನಡುವೆ ಗೋಡೆ ಎದ್ದಿದೆ. ಇಂದಿನ ಇಂಗ್ಲಿಷ್ ಹುಡುಗನಿಗೆ ಇದನ್ನು ಅಡಿಟಿಪ್ಪಣಿಯಲ್ಲಿ ಹೇಳಿಕೊಡಬೇಕು. ಕನ್ನಡದಲ್ಲಿ ತಾಯಿ ‘ನೀನು’ ಎಂದು, ಮಗ ‘ನೀವು’ ಎಂದು ಮುಖ ತಿರುಗಿಸಿದರೆ ಸಭೆಯ ಕೊನೆಯ ಸಾಲಿನವರಿಗೂ ಚುರುಕು ಮುಟ್ಟುತ್ತದೆ. ಅದಕ್ಕೇ ನಮ್ಮ ದೂರು ಅನುವಾದಕರ ಮೇಲೂ ಸ್ವಲ್ಪ ಇದೆ. ಮೂಲದಲ್ಲಿ ಎಲ್ಲಿ ಯಾವುದಿದೆ ಎಂದು ನೋಡದೆ ಪಾತ್ರಗಳಿಗೆಲ್ಲ ‘ನೀನು’ ಹಂಚಿಬಿಟ್ಟರೆ, ಇಂಗ್ಲಿಷರೇ ಕಳೆದುಕೊಂಡ ಒಡವೆ ನಮ್ಮ ಕೈಗೆ ಬಂದೂ ಜಾರಿಹೋದಂತೆ.

ನಮ್ಮ ಒಡವೆ ಅವರದಕ್ಕಿಂತ ದೊಡ್ಡದು. ಇಂಗ್ಲಿಷಿನಲ್ಲಿ ಭೇದವಿದ್ದದ್ದು ಎದುರಿನವನಿಗೆ ಮಾತ್ರ. ಕನ್ನಡದಲ್ಲಿ ‘ಬಾ’, ‘ಬನ್ನಿ’ ಎಂಬ ಕ್ರಿಯಾಪದಗಳಲ್ಲೂ, ‘ಅವನು’, ‘ಅವರು’ ಎಂದು ಎದುರಿಗಿಲ್ಲದವರ ವಿಷಯದಲ್ಲೂ ಅದು ಹರಡಿದೆ. ೧೯೦೩ರಲ್ಲಿ ಕನ್ನಡ ವ್ಯಾಕರಣವನ್ನು ಇಂಗ್ಲಿಷಿನಲ್ಲಿ ಬರೆದ ಕಿಟ್ಟೆಲ್ಲರು ‘ನೀನು’ ಎಂಬುದಕ್ಕೆ ಸಮಪದ ಬೇಕಾದಾಗ, ಆಡುಮಾತಿನಿಂದ ಎಂದೋ ಮರೆಯಾಗಿದ್ದ ‘ದೌ’ ಪದವನ್ನೇ ಹುಡುಕಿ ತರಬೇಕಾಯಿತು.

ಈಗ ಅಜ್ಜಿಯ ಫೋನಿಗೆ ಬರೋಣ. ನಮ್ಮ ಮಗಳು ಮಾಡಿದ್ದು ಲಂಡನ್ನಿನವರು ಮಾಡಿದ್ದನ್ನೇ. ಶಾಲೆಯಲ್ಲಿ ‘ಯೂ’, ಬೀದಿಯಲ್ಲಿ ‘ಆಪ್’. ‘ತೂ’ ಅಂದರೆ ಜಗಳ. ಆದ್ದರಿಂದ ಕನ್ನಡದಲ್ಲೂ ‘ನೀವು’ ಎಂದರೆ ಅಪಾಯವಿಲ್ಲ ಎಂದು ಮಗು ತಾನೇ ತೀರ್ಮಾನಿಸಿದೆ. ಅದನ್ನು ತಿದ್ದುವ ಬದಲು ನಾವು ಮೆಚ್ಚಿಕೊಂಡೆವು. ಪರಊರಿನಲ್ಲಿರುವ ನಾವೆಲ್ಲ ಮಕ್ಕಳಿಗೆ ಮೊದಲು ಕಲಿಸುವುದು ನೆಂಟರ ಮುಂದೆ ಆಡುವ ಕನ್ನಡವನ್ನು. ನಮ್ಮ ಭಾನುವಾರದ ಕನ್ನಡ ತರಗತಿಯ ಪಾಠಗಳಲ್ಲೂ ಎಲ್ಲರೂ ಎಲ್ಲರಿಗೂ “ದಯವಿಟ್ಟು ಕುಳಿತುಕೊಳ್ಳಿ” ಎನ್ನುತ್ತಾರೆ, ಅಜ್ಜಿಯ ಸೊಂಟ ಹಿಡಿದು “ಕತೆ ಹೇಳೇ” ಎನ್ನುವ ಮಗು ಅಲ್ಲಿಲ್ಲ. ಮರ್ಯಾದೆಯ ಕನ್ನಡ ಉಳಿದು ಸಲಿಗೆಯ ಕನ್ನಡ ಹೋದರೆ, ಉಳಿಯುವುದು ಕಚೇರಿಯ ಭಾಷೆ. ಕೆಲವು ಮನೆತನಗಳಲ್ಲಿ ಅಜ್ಜಿಗೂ ‘ನೀವು’ ಎನ್ನುವ ರೂಢಿಯಿದೆ, ಅದು ಅವರ ಸಲಿಗೆಯ ರೀತಿ, ಅದಕ್ಕೆ ನಮ್ಮ ಆಕ್ಷೇಪಣೆಯಿಲ್ಲ. ಯಾರಿಗೆ ಯಾವುದು ಎಂಬ ವಿವೇಕ ಮಕ್ಕಳ ಕಿವಿಗೆ ಬೀಳಲಿ ಎಂಬುದಷ್ಟೇ ನಮ್ಮ ಅರಿಕೆ. ಜವಾನರಿಗೆ ‘ನೀವು’, ಅಜ್ಜಿಗೆ ‘ನೀನು’ ಎಂಬ ಎರಡೂ ಪಾಠ ಒಂದೇ ಪುಸ್ತಕದವು.

ಮಗಳಿಗೆ ಟೋಬಿಯ ಕತೆಯನ್ನೂ ಕೋಕನ ಕತೆಯನ್ನೂ ಹೇಳಿದೆವು. ಎಲ್ಲ ಕೇಳಿ, “ಹಾಗಾದರೆ ಅಜ್ಜಿಯನ್ನು ‘ದೌ’ ಮಾಡಬಹುದಾ?” ಎಂದಳು. ಮಾಡಲೇಬೇಕು ಎಂದೆವು. ಮುಂದಿನ ಭಾನುವಾರ ಅವಳು ಸ್ವಲ್ಪ ಅಳುಕಿನಿಂದಲೇ, “ಅಜ್ಜಿ, ಊಟ ಮಾಡಿದೆಯಾ ನೀನು?” ಎಂದು ಕೇಳಿದಳು. ಎಂದೂ ಎರಡು ನಿಮಿಷಕ್ಕೆ ಫೋನು ಇಡುವ ನಮ್ಮ ತಾಯಿ ಅಂದು ಸಾರಿಗೆ ಏನು ಹಾಕಿದೆ ಎಂಬಲ್ಲಿಂದ ಹಿಡಿದು ಕರು ಹಾಕಿದ ಹಸುವಿನವರೆಗೆ ಮೊಮ್ಮಗಳಿಗೆ ಎಲ್ಲವನ್ನೂ ಹೇಳಿದರು. ನಮ್ಮ ಸರದಿ ಬರಲೇ ಇಲ್ಲ.