ಹೆಲೆನಾ ಇಗ್ನೆಸ್: ಅಚ್ಚಿನ ಪಾತ್ರಗಳನ್ನು ಒಡೆದ ನಟಿ

ಬ್ರೆಜಿಲಿನ ನಟಿ ಹೆಲೆನಾ ಇಗ್ನೆಸ್ ಬಾಯಿಯಾ ರಾಜ್ಯದ ಸಾಲ್ವದೋರ್ ನಗರದವರು. ಅಲ್ಲಿನ ವಿಶ್ವವಿದ್ಯಾಲಯದ ನಾಟಕ ಶಾಲೆಯಲ್ಲಿ ಕಲಿತ ಅವರು ತೆರೆಗೆ ಬಂದದ್ದು ಗ್ಲೌಬರ್ ರೋಷಾ ಅವರ ಕಿರುಚಿತ್ರ ‘ಪಾತಿಯೊ’ (1959) ಮೂಲಕ. ಮುಂದೆ ಸಾಲ್ವದೋರಿನ ಸಂತೆಯ ಸುತ್ತ ಹೆಣೆದ ‘ಆ ಗ್ರಾಂದೆ ಫೇರಾ’ (1961), ರೈಲು ದರೋಡೆಯೊಂದರ ನಿಜ ಪ್ರಕರಣವನ್ನು ಆಧರಿಸಿದ ‘ಅಸಾಲ್ತೊ ಆವೊ ತ್ರೆಂ ಪಗದೋರ್’ (1962) ಬಂದವು. ಇವೆರಡರಲ್ಲೂ ಅವರದು ಚೊಕ್ಕ ನಟನೆ, ಅಷ್ಟೆ.

ಅವರ ಕಸುವು ಮೊದಲು ಸ್ಪಷ್ಟವಾಗುವುದು ಜೊವಾಕಿಂ ಪೆದ್ರೊ ದೆ ಆಂದ್ರಾದೆ ಅವರ ‘ಓ ಪಾದ್ರೆ ಎ ಆ ಮೋಸಾ’ (1966) ಚಿತ್ರದಲ್ಲಿ. ಮೀನಸ್ ಜೆರಾಯಿಸ್ ಪ್ರಾಂತದ ಸೊರಗಿದ ಊರೊಂದಕ್ಕೆ ಬರುವ ಯುವ ಪಾದ್ರಿಯನ್ನು ಪ್ರೀತಿಸುವ ಮರಿಯಾನಳಾಗಿ ಅವರು ಬಹುತೇಕ ಮೌನದಲ್ಲೇ ನಟಿಸುತ್ತಾರೆ. ಒಳಗಿನ ತುಮುಲವನ್ನೆಲ್ಲ ಕಣ್ಣು, ಕತ್ತುಗಳೇ ಹೇಳಬೇಕು. ಮುಂದಿನ ಚಿತ್ರಗಳ ಕಿರುಚಾಟವನ್ನು ಅಳೆಯಲು ಈ ಸಂಯಮವನ್ನು ನೆನಪಿನಲ್ಲಿಡಬೇಕು. ಆ ಅಬ್ಬರ ಬೇರೆ ಬಗೆಯ ನಟನೆ ತಿಳಿಯದವರದಲ್ಲ.

ತಿರುವು ಬಂದದ್ದು 1968ರಲ್ಲಿ. ಆಗಿನ್ನೂ ಇಪ್ಪತ್ತೆರಡರ ಹರೆಯದ ರೊಜೆರಿಯೊ ಸ್ಗಾನ್ಜೆರ್ಲಾ ಸಾವೊ ಪೌಲೊದ ಬೋಕಾ ದೊ ಲಿಶೊ ಕೇರಿಯಲ್ಲಿ ‘ಓ ಬಂದೀದೊ ದ ಲೂಸ್ ವೆರ್ಮೆಲ್ಯ’ ಚಿತ್ರವನ್ನು ತೆಗೆದರು. ಪತ್ತೇದಾರಿ ಕಥೆ, ಕೌಬಾಯ್ ಸಿನಿಮಾ, ಅಗ್ಗದ ಹಾಸ್ಯ, ರೇಡಿಯೊ ನಿರೂಪಕರ ಅರಚಾಟ ಎಲ್ಲವೂ ಅದರಲ್ಲಿ ಕಲಸಿಹೋಗಿವೆ. ಇಗ್ನೆಸ್ ಅವರ ಜನೆತೆ ಜೇನ್ ಅಪರಾಧ ಚಿತ್ರಗಳ ಮಾಮೂಲಿ ಮೋಹಿನಿಯೇ. ಆದರೆ ಪಾತ್ರದೊಳಗೆ ಅಡಗಿಕೊಳ್ಳದೆ, ಅದನ್ನು ಆಡಿ ತೋರಿಸುತ್ತಿರುವುದು ಗೊತ್ತಾಗುವಂತೆ ಅವರು ಆಡುತ್ತಾರೆ. ಹಾಗಾಗಿ ಮೋಹಿನಿಯ ಒಯ್ಯಾರವೇ ನಗೆಪಾಟಲಾಗುತ್ತದೆ.

ಮರುವರ್ಷದ ‘ಆ ಮುಲ್ಯೆರ್ ದೆ ತೋದೊಸ್’ (1969) ಅವರ ಅತ್ಯುತ್ತಮ ಸಾಧನೆ. ನಾಯಕಿಯ ಹೆಸರು ಆಂಜೆಲಾ ಕಾರ್ನೆ ಎ ಓಸ್ಸೊ, ಎಂದರೆ ರಕ್ತಮಾಂಸದ ಆಂಜೆಲಾ. ಚುಟ್ಟಾ ಸೇದುತ್ತ, ಗಂಡಸರನ್ನು ಗದರಿಸುತ್ತ ದ್ವೀಪವೊಂದರಲ್ಲಿ ವಾರಾಂತ್ಯ ಕಳೆಯುವ ಈ ಹೆಣ್ಣಿಗೆ ಗಂಡನೂ ಪ್ರಿಯಕರರೂ ಆಟದ ಸಾಮಾನು. 1970ರ ದಶಕದಲ್ಲಿ ಬ್ರೆಜಿಲಿನ ಚಿತ್ರಮಂದಿರಗಳನ್ನು ತುಂಬಿದ ‘ಪೊರ್ನೊಶಾಂಶಾದ’ ಎಂಬ ಚೇಷ್ಟೆಯ ಹಾಸ್ಯಚಿತ್ರಗಳು ಇಂಥದೇ ಸರಕನ್ನು ಮಾರಿದವು. ಅಲ್ಲಿ ಕ್ಯಾಮೆರಾ ಹೆಣ್ಣನ್ನು ನೋಡುತ್ತದೆ. ಇಲ್ಲಿ ಇಗ್ನೆಸ್ ಕ್ಯಾಮೆರಾವನ್ನೇ ದಿಟ್ಟಿಸಿ ಹೆದರಿಸುತ್ತಾರೆ.

1970ರಲ್ಲಿ ಅವರು, ಸ್ಗಾನ್ಜೆರ್ಲಾ, ನಿರ್ದೇಶಕ ಜೂಲಿಯೊ ಬ್ರೆಸಾನೆ ಸೇರಿ ‘ಬೆಲೇರ್’ ಚಿತ್ರಸಂಸ್ಥೆ ಕಟ್ಟಿ, ಕೆಲವೇ ತಿಂಗಳಲ್ಲಿ ಸಾಲುಸಾಲಾಗಿ ಚಿತ್ರಗಳನ್ನು ಮುಗಿಸಿದರು. 1968ರ ಡಿಸೆಂಬರಿನ ಐದನೇ ಸಾಂಸ್ಥಿಕ ಶಾಸನದ ನಂತರ ಸೇನಾಡಳಿತದ ಹಿಡಿತ ಬಿಗಿಯಾಗಿದ್ದ ಕಾಲ ಅದು. ವರ್ಷ ಕಳೆಯುವುದರೊಳಗೆ ಮೂವರೂ ದೇಶ ಬಿಡಬೇಕಾಯಿತು. ಬೆಲೇರ್‌ನ ‘ಕೋಪಕಬಾನಾ ಮೊನ್ ಅಮೂರ್’ ಚಿತ್ರದಲ್ಲಿ ಇಗ್ನೆಸ್ ಆಡಿದ, ಕೂದಲಿಗೆ ಹೊಂಬಣ್ಣ ಹಚ್ಚಿಕೊಂಡ ಸೋನಿಯಾ ಸಿಲ್ಕ್, ರೇಡಿಯೊ ಗಾಯಕಿಯಾಗುವ ಕನಸು ಹೊತ್ತು ಬೀದಿ ಅಲೆಯುತ್ತಾಳೆ. ಅವಳಿಗೆ ಪ್ರೇತಗಳು ಕಾಣುತ್ತವೆ. ಗಿಲ್ಬೆರ್ತೊ ಜಿಲ್ ಸಂಗೀತದ ಈ ಚಿತ್ರದಲ್ಲಿ ಹಸಿವು, ಮೈದುಂಬುವ ದೈವ, ಹುಚ್ಚು ಇವುಗಳ ನಡುವಿನ ಗೆರೆಯನ್ನು ಇಗ್ನೆಸ್ ಅವರ ಮೈಯೇ ಅಳಿಸುತ್ತದೆ. ‘ಕುಯಿದಾದೊ ಮದಾಮೆ’ಯಲ್ಲಿ ಒಡತಿಯರನ್ನು ಕೊಲ್ಲುವ ಮನೆಗೆಲಸದವರ ಕಥೆಯಿದೆ. ಬೆಲೇರ್ ಚಿತ್ರಗಳೆಲ್ಲ ಒಂದೇ ಮಟ್ಟದವಲ್ಲ. ಚಿತ್ರಕಥೆಯ ಆಧಾರ ಪೂರ್ತಿ ಕಳಚಿದಾಗ ಅವರ ಚೀರಾಟ ಅಭ್ಯಾಸಬಲವಾಗುತ್ತದೆ. ‘ಸೆಂ ಎಸ್ಸ, ಅರಾನ್ಯ’ದ ದೀರ್ಘ ಶಾಟ್‌ಗಳಲ್ಲಿ ಇದು ಅಲ್ಲಲ್ಲಿ ಕಾಡುತ್ತದೆ. ಒಡೆಯುವುದಕ್ಕೊಂದು ಅಚ್ಚು ಇದ್ದಾಗಲೇ ಅವರ ನಟನೆಗೆ ಮೊನಚು.

ಸ್ಗಾನ್ಜೆರ್ಲಾ 2004ರಲ್ಲಿ ತೀರಿಕೊಂಡ ಮೇಲೆ ಇಗ್ನೆಸ್ ನಿರ್ದೇಶನಕ್ಕೆ ಹೆಚ್ಚು ಒತ್ತು ಕೊಟ್ಟರು. ಬ್ರೆಖ್ಟ್ ನಾಟಕವನ್ನಾಧರಿಸಿದ ‘ಕನ್ಸಾವೊ ದೆ ಬಾಲ್’, ಇಕರೊ ಮಾರ್ತಿನ್ಸ್ ಜೊತೆಗೂಡಿ ಮಾಡಿದ ‘ಲೂಸ್ ನಸ್ ತ್ರೇವಸ್’ (2010) ಅವರು ನಿರ್ದೇಶಿಸಿದ ಚಿತ್ರಗಳಲ್ಲಿ ಮುಖ್ಯವಾದವು. ಎರಡನೆಯದು ಸ್ಗಾನ್ಜೆರ್ಲಾ ಬರೆದಿಟ್ಟಿದ್ದ ಚಿತ್ರಕಥೆ, 1968ರ ಚಿತ್ರದ ಮುಂದುವರಿಕೆ. ಗಾಯಕ ನೆಯ್ ಮಾತೊಗ್ರೊಸ್ಸೊ ಅದರಲ್ಲಿ ಮುದಿ ದರೋಡೆಕೋರ. ಮೂಲದ ಒರಟುತನ ಇಲ್ಲಿ ಗೌರವದ ಭಾರಕ್ಕೆ ಸ್ವಲ್ಪ ಮೆತ್ತಗಾಗಿದೆ. ಅದಕ್ಕಿಂತ ಸಹಜವಾಗಿ ಅವರ ಕೈಗೆ ಒಗ್ಗಿದ್ದು ಸರ್ಕಸ್ಸಿನ ಫಕೀರರನ್ನು ಕುರಿತ ಸಾಕ್ಷ್ಯಚಿತ್ರ ‘ಫಕೀರ್’ (2019). ಹಸಿವು, ನೋವುಗಳನ್ನೇ ಪ್ರದರ್ಶನವಾಗಿಸಿದ ಹೆಂಗಸರನ್ನು ಅವರು ಅಲ್ಲಿ ಒಬ್ಬ ಸಹನಟಿಯ ಕುತೂಹಲದಿಂದ ನೋಡುತ್ತಾರೆ.