ಹೆಸರು ಹಾಕಿಸಿದ ಪಾತ್ರೆ

ನಮ್ಮ ಕಡೆ ಮದುವೆಗೆ ಪಾತ್ರೆ ಕೊಂಡರೆ ಅಂಗಡಿಯಲ್ಲೇ ಹೆಸರು ಹಾಕಿಸುವುದು ರೂಢಿ. ಅಮ್ಮ ಕೊಟ್ಟ ಹಿತ್ತಾಳೆ ಕೊಳಗದ ಮೇಲೆ ಚುಕ್ಕಿ ಚುಕ್ಕಿಯಾಗಿ ಅವಳ ಹೆಸರು ಇನ್ನೂ ಇದೆ. ಆ ಅಂಗಡಿ ಮುಚ್ಚಿ ಎಷ್ಟೋ ವರ್ಷವಾಯಿತು. ಕೊಳಗಕ್ಕೆ ಅದರ ಗೊಡವೆಯಿಲ್ಲ, ನೀರು ಕಾಯುತ್ತಲೇ ಇದೆ. ದುಡ್ಡು ಕೊಟ್ಟು ತಂದದ್ದು ನಮ್ಮದೇ ಎಂಬ ನನ್ನ ನಂಬಿಕೆಯನ್ನು ಅಲ್ಲಾಡಿಸಿದ್ದು ಅಂಗೈಯಗಲದ ಒಂದು ಆಟದ ಯಂತ್ರ.

2013ರಲ್ಲಿ ಮಗ ಎಸ್.ಎಸ್.ಎಲ್.ಸಿ.ಯಲ್ಲಿದ್ದ. ಪರೀಕ್ಷೆ ಮುಗಿಯುವವರೆಗೆ ಮುಟ್ಟಕೂಡದೆಂದು ಯಂತ್ರವನ್ನು ಕಿತ್ತು ಬೀರುವಿನಲ್ಲಿಟ್ಟೆ. ಒಂದು ಮಧ್ಯಾಹ್ನ, ಕಡಕೊಳ ಸ್ಟೇಷನ್ನಿನಿಂದ ನಂಜನಗೂಡಿನ ಕಡೆಯ ರೈಲು ಕೂಗಿಕೊಂಡು ಹೋದಮೇಲೆ, ಮನೆಯಲ್ಲಿ ಯಾರೂ ಇಲ್ಲದಾಗ, ಅದರಲ್ಲೇನಿದೆ ನೋಡೋಣವೆಂದು ನಾನೇ ತೆಗೆದೆ. ಅದೊಂದು ಬೇಸಾಯದ ಆಟ. ಬಿತ್ತು, ನೀರು ಹಾಯಿಸು, ಕೊಯ್ದು ಮಾರು. ಹೊರಗೆ ಹೊಲಗಳೆಲ್ಲ ಕಾರ್ಖಾನೆಗಳಾಗುತ್ತಿದ್ದವು, ಕೈಯಲ್ಲಿ ನನ್ನದೇ ಒಂದು ಹೊಲ ಹಸಿರಾಗುತ್ತಿತ್ತು. ಮಾದರಿಯ ಆಟ ಮುಗಿದು ಪೂರ್ತಿ ಆಟಕ್ಕೆ ದುಡ್ಡು ಕೇಳಿದಾಗ ಗುಟ್ಟು ರಟ್ಟಾಯಿತು. ಮಗ ನಕ್ಕ. ನನ್ನ ಚೀಟಿ ದುಡ್ಡು ತೆಗೆದುಕೊಂಡು ತನ್ನ ಖಾತೆಯಲ್ಲಿ ಕೊಡಿಸಿದ. ಗಂಡನಿಗಲ್ಲ, ಮಗನಿಗಲ್ಲ, ನನಗೇ ಎಂದು ಕೊಂಡ ವಸ್ತುಗಳು ನಿಮ್ಮ ಮನೆಯಲ್ಲಿ ಎಷ್ಟಿವೆ? ಲೆಕ್ಕ ಹಾಕಿ ನೋಡಿ.

ಕಳೆದ ಬೇಸಿಗೆ ರಜೆಗೆ ಬಂದ ತಂಗಿಯ ಮಗಳು ಅದನ್ನು ಹುಡುಕಿ ತೆಗೆದಳು. ಕೆಟ್ಟಿದ್ದ ಯಂತ್ರವನ್ನು ರಿಪೇರಿಗೆ ಕೊಟ್ಟೆವು. ಒಳಗಿನದನ್ನೆಲ್ಲ ಅಳಿಸಿ, ಹೊಸದರಂತೆ ಮಾಡಿ ಕೊಟ್ಟರು. ಮಗನ ಹಳೆಯ ಕ್ಯಾಸೆಟ್ ಹಾಕಿದರೆ ಆಟ ತಕ್ಷಣ ಶುರುವಾಯಿತು. ನನ್ನದು ಮಾತ್ರ ಮೆಮೊರಿ ಕಾರ್ಡಿನಲ್ಲಿದ್ದೂ ತೆರೆಯಲಿಲ್ಲ. “ದೊಡ್ಡಮ್ಮ, ಲೈಸೆನ್ಸ್ ಇಲ್ಲ ಅಂತಿದೆ” ಎಂದಳು.

ಪುಣೆಯಲ್ಲಿರುವ ಮಗನಿಗೆ ಫೋನ್ ಮಾಡಿದೆ. ಅವನು ಹೇಳಿದ್ದಿಷ್ಟು: ಹೀಗೆ ಇಳಿಸಿಕೊಂಡ ಆಟ ಬೀಗ ಹಾಕಿದ ಪೆಟ್ಟಿಗೆ. ಬೀಗದ ಕೈ ಲೈಸೆನ್ಸ್ ಎಂಬ ಪುಟ್ಟ ಕಡತದಲ್ಲಿದ್ದು ಖಾತೆಗೂ ಯಂತ್ರಕ್ಕೂ ಗಂಟುಬಿದ್ದಿರುತ್ತದೆ. ಅದು ಅಳಿಸಿದರೆ ಕಂಪನಿಯಿಂದಲೇ ಮತ್ತೆ ಪಡೆಯಬೇಕು. ಅವನ ಆ ಖಾತೆಯ ಇ-ಮೇಲ್ ಯಾವಾಗಲೋ ಹೋಗಿತ್ತು. ನನ್ನ ಹೊಲದ ನಕಲನ್ನೇನೋ ಹಳೆಯ ಲ್ಯಾಪ್‌ಟಾಪಿನಲ್ಲಿ ಇಟ್ಟಿದ್ದನಂತೆ. ಆಟವೇ ತೆರೆಯದಿದ್ದರೆ ಅದರಿಂದೇನು? ಹೆಪ್ಪು ಇದೆ, ಹಾಲಿಲ್ಲ!

ಇದು ನನ್ನೊಬ್ಬಳ ಗೋಳಲ್ಲ. ಸೋನಿ ಕಂಪನಿ 2021ರ ಜುಲೈನಲ್ಲಿ ಪಿ.ಎಸ್.ಪಿ. ಯಂತ್ರದೊಳಗಿನ ಅಂಗಡಿಯನ್ನು ಮುಚ್ಚಿತು. ವೀಟಾದ ಅಂಗಡಿಯನ್ನೂ ಮುಚ್ಚುತ್ತೇನೆಂದು ಹೇಳಿ, ಜನ ಗಲಾಟೆ ಮಾಡಿದ ಮೇಲೆ ಹಿಂದೆಗೆಯಿತು. ನಿಂಟೆಂಡೊ 2023ರ ಮಾರ್ಚ್ 27ರಂದು 3ಡಿ.ಎಸ್. ಅಂಗಡಿಯಲ್ಲಿ ಮಾರಾಟ ನಿಲ್ಲಿಸಿತು. ಕೊಂಡವರು ಮತ್ತೆ ಇಳಿಸಿಕೊಳ್ಳಬಹುದು ಎಂದು ಹೇಳಿತು, ನಿಜ. ಆದರೆ ಎಲ್ಲಿಯವರೆಗೆ ಎಂಬುದು ಅದರ ಮರ್ಜಿ. ಅಮೆರಿಕದಲ್ಲಿ 2010ಕ್ಕೆ ಮೊದಲು ಬಂದ ಆಟಗಳಲ್ಲಿ ನೂರಕ್ಕೆ 87 ಈಗ ಮಾರಾಟದಲ್ಲೇ ಇಲ್ಲವೆಂದು ಅಲ್ಲಿನ ವಿಡಿಯೊ ಗೇಮ್ ಹಿಸ್ಟರಿ ಫೌಂಡೇಶನ್ 2023ರಲ್ಲಿ ಲೆಕ್ಕ ಕೊಟ್ಟಿತು. ಕ್ಯಾಸೆಟ್ಟೂ ಚಿರಂಜೀವಿಯಲ್ಲ. ಹಳೆಯ ಗೇಮ್‌ಬಾಯ್ ಕ್ಯಾಸೆಟ್ಟುಗಳಲ್ಲಿ ಆಟದ ನೆನಪನ್ನು ಕಾಯುವುದು ಒಂದು ಪುಟ್ಟ ಬ್ಯಾಟರಿ. ಅದು ಸತ್ತರೆ ಆಡಿದ್ದೆಲ್ಲ ಹೋಯಿತು. ಆದ್ದರಿಂದಲೇ ಜನ ನಕಲು ತೆಗೆದಿಡುತ್ತಾರೆ, ಹಳೆಯ ಯಂತ್ರದಂತೆ ನಟಿಸುವ ಎಮ್ಯುಲೇಟರನ್ನು ಕಂಪ್ಯೂಟರಿಗೆ ಹಾಕಿ ಆಡುತ್ತಾರೆ.

ಮೈಸೂರಿನ ಒಂದು ಅಂಗಡಿಗೂ ಹೋದೆ. ಹುಡುಗ ಯಂತ್ರ ತಿರುಗಿಸಿ ನೋಡಿ, “ಆಂಟಿ, ಮಾಡ್ ಮಾಡಿಕೊಡ್ತೀನಿ, ಇನ್ನೂರು ಆಟ ಫ್ರೀ ಹಾಕ್ತೀನಿ” ಎಂದ. ನನ್ನ ಮನೆಯ ಬೀಗ ತೆಗೆಯಪ್ಪಾ ಎಂದರೆ ಊರಿನ ಬೀಗಗಳನ್ನೆಲ್ಲ ಒಡೆದು ಕೊಡುತ್ತೇನೆ ಎಂದಂತಾಯಿತು. ಬೇಡವೆಂದು ಬಂದೆ. ಆಟ ಕಟ್ಟಿದವರಿಗೂ ಸಂಸಾರವಿದೆ. ಆದರೆ ಬಸ್ಸಿನಲ್ಲಿ ಕೂತು ಯೋಚಿಸಿದರೆ ಆ ಹುಡುಗನ ಮೇಲೆ ಪೂರ್ತಿ ಸಿಟ್ಟೂ ಬರಲಿಲ್ಲ. ದುಡ್ಡು ಕೊಟ್ಟವಳಿಗೆ ನ್ಯಾಯವಾದ ದಾರಿಯೇ ಇಲ್ಲದಿದ್ದರೆ ಅವಳು ಇಂಥ ಅಂಗಡಿಯ ಮೆಟ್ಟಿಲು ಹತ್ತದೆ ಇನ್ನೆಲ್ಲಿಗೆ ಹೋಗಬೇಕು?

ನಮ್ಮ ಕಾನೂನು ಇಷ್ಟು ನಿಷ್ಠುರವಾಗಿಲ್ಲ. 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಕಲಮಿನ ಪ್ರಕಾರ, ಕಂಪ್ಯೂಟರ್ ಪ್ರೋಗ್ರಾಮಿನ ಪ್ರತಿಯನ್ನು ನ್ಯಾಯವಾಗಿ ಹೊಂದಿದವರು ಅದು ಕೆಟ್ಟು ಕಳೆದುಹೋಗದಂತೆ ರಕ್ಷಣೆಗಾಗಿ ನಕಲು ಇಟ್ಟುಕೊಳ್ಳಬಹುದು. 2012ರಲ್ಲಿ ಸೇರಿಸಿದ 65ಎ ಕಲಮು ಬೀಗ ಒಡೆಯುವುದನ್ನು ಶಿಕ್ಷಿಸುತ್ತದೆ, ಆದರೆ ಹಕ್ಕನ್ನು ಉಲ್ಲಂಘಿಸುವ ಉದ್ದೇಶವಿದ್ದಾಗ. ನಕಲು ಇಟ್ಟುಕೋ ಎಂದು ಕಾನೂನು ಹೇಳುತ್ತದೆ, ನಕಲು ತೆರೆಯುವ ಕೀಲಿಯನ್ನು ಕಂಪನಿ ತನ್ನ ಸೊಂಟದಲ್ಲಿ ಸಿಕ್ಕಿಸಿಕೊಂಡಿದೆ. ಕ್ಯಾಲಿಫೋರ್ನಿಯಾದಲ್ಲಿ 2024ರಲ್ಲಿ ಒಂದು ಕಾಯ್ದೆ ಮಾಡಿದರು. ಕೊಡುತ್ತಿರುವುದು ಲೈಸೆನ್ಸ್ ಮಾತ್ರ ಎಂದು ಸ್ಪಷ್ಟವಾಗಿ ತಿಳಿಸದೆ ಅಂಥ ಸರಕನ್ನು ‘ಕೊಳ್ಳಿ’ ಎಂದು ಮಾರುವಂತಿಲ್ಲ. ಸತ್ಯ ಹೇಳಿಸಿದ್ದು ಒಳ್ಳೆಯದೇ. ಆದರೆ ಪಾತ್ರೆ ನಿನ್ನದಲ್ಲ ಎಂದು ಮೊದಲೇ ಹೇಳಿಬಿಟ್ಟರೆ ಅದು ನನ್ನದಾಗುತ್ತದೆಯೇ?

ಬಿಟ್ಟಿ ಕೊಡಿ ಎಂದು ನಾನು ಕೇಳುತ್ತಿಲ್ಲ. ಅಂಗಡಿ ಮುಚ್ಚುವವರು ದುಡ್ಡು ಕೊಟ್ಟವರ ಕೈಗೆ ಬೀಗದ ಕೈ ಕೊಟ್ಟು ಹೋಗಲಿ, ಅಷ್ಟೇ. ಮೆಮೊರಿ ಕಾರ್ಡನ್ನು ಕುಂಕುಮದ ಭರಣಿಯಲ್ಲಿ ಹಾಕಿ, ಮೇಲೊಂದು ಚೀಟಿ ಅಂಟಿಸಿ ನನ್ನ ಹೆಸರು ಬರೆದಿಟ್ಟಿದ್ದೇನೆ. ಒಳಗಿನ ಹೊಲದಲ್ಲಿ ಕೊನೆಯ ಸಲ ಏನು ಬಿತ್ತಿದ್ದೆನೋ, ಅದೂ ಮರೆತುಹೋಗಿದೆ.