ಹಾವು, ಪರದೆ ಮತ್ತು ಅಹಿಂಸೆ

ಬಸದಿಯಲ್ಲಿ ಪಾರ್ಶ್ವನಾಥ ಸ್ವಾಮಿಯ ಶಿರದ ಮೇಲಿನ ಹೆಡೆಗಳಿಗೆ ಭಕ್ತಿಯಿಂದ ಅಭಿಷೇಕ ನೋಡುವ ಮನೆಗಳಲ್ಲಿಯೂ, ಹಿತ್ತಿಲಿಗೆ ನಾಗರಹಾವು ಬಂದಾಗ ಕೋಲು ಹಿಡಿದ ನೆರೆಯವನನ್ನು ಕೂಗಿ ಕರೆಯುವುದುಂಟು. ತಾನು ಕೊಲ್ಲಲಿಲ್ಲವೆಂಬ ಸಮಾಧಾನ ಇಲ್ಲಿ ಸಲ್ಲದು. ಕೃತ, ಕಾರಿತ, ಅನುಮೋದಿತ ಎಂದು ಶಾಸ್ತ್ರವು ಹಿಂಸೆಯ ಮೂರು ಬಗೆಗಳನ್ನೂ ಎಣಿಸಿದೆ. ದೂರದರ್ಶನದ ಪರದೆಯ ಮೇಲೆ ದಶಕಗಳ ಕಾಲ ಹಾವುಗಳ ಪರವಾಗಿ ವಾದಿಸಿದ ರೋಮುಲಸ್ ವಿಟೇಕರ್ ಅವರ ಸಾಧನೆಯನ್ನು ಈ ದೃಷ್ಟಿಯಿಂದ ಪರಿಶೀಲಿಸುವುದು ಉಚಿತ.

1943ರಲ್ಲಿ ಅಮೆರಿಕದಲ್ಲಿ ಜನಿಸಿ ಬಾಲ್ಯದಲ್ಲಿಯೇ ಭಾರತಕ್ಕೆ ಬಂದ ವಿಟೇಕರ್, ಮದರಾಸಿನಲ್ಲಿ ಮೊದಲು ಹಾವಿನ ಉದ್ಯಾನವನ್ನೂ 1976ರಲ್ಲಿ ಮೊಸಳೆ ಬ್ಯಾಂಕನ್ನೂ ಸ್ಥಾಪಿಸಿದರು. ಕಾಳಿಂಗ ಸರ್ಪವನ್ನು ಕುರಿತ ಅವರ ಚಿತ್ರಕ್ಕೆ 1998ರಲ್ಲಿ ಎಮ್ಮಿ ಪ್ರಶಸ್ತಿ ಸಂದಿತು. 2005ರಲ್ಲಿ ಆಗುಂಬೆಯಲ್ಲಿ ಮಳೆಕಾಡು ಸಂಶೋಧನಾ ಕೇಂದ್ರವನ್ನು ಆರಂಭಿಸಿದರು. 2018ರಲ್ಲಿ ಪದ್ಮಶ್ರೀ ಪಡೆದರು.

ಆದರೆ ಕಿರುತೆರೆ ಬಯಸುವುದು ರೋಮಾಂಚನವನ್ನು. ಬಾಲ ಹಿಡಿದು ನಿಂತ ಮನುಷ್ಯ, ಹೆಡೆಯೆತ್ತಿದ ಹಾವು, ನಡುವೆ ಮೊಳದಷ್ಟು ಅಂತರ: ಇಂಥ ದೃಶ್ಯದಲ್ಲಿ ನೋಡುಗನ ಮೆಚ್ಚುಗೆ ಹಾವಿಗೆ ಸಲ್ಲದೆ ಹಿಡಿದವನ ಧೈರ್ಯಕ್ಕೆ ಸಲ್ಲುತ್ತದೆ. ಐವತ್ತು ವರ್ಷಗಳ ಅನುಭವವುಳ್ಳವರು ಮಾಡಿದ್ದನ್ನು ಊರಿನ ಹುಡುಗರು ಒಂದು ಸಂಜೆಯಲ್ಲಿ ಅನುಕರಿಸಬಯಸುತ್ತಾರೆ. ಈ ದೋಷದಿಂದ ವಿಟೇಕರ್ ಅವರ ಚಿತ್ರಗಳೂ ಪೂರ್ಣ ಮುಕ್ತವಲ್ಲ.

ಅವರ ನಿಜವಾದ ಹಿರಿಮೆ 1978ರಲ್ಲಿ ಸ್ಥಾಪನೆಯಾದ ಇರುಳರ ಸಹಕಾರ ಸಂಘದಲ್ಲಿದೆ. ಚರ್ಮದ ವ್ಯಾಪಾರಕ್ಕಾಗಿ ಹಾವು ಕೊಲ್ಲುತ್ತಿದ್ದ ಇರುಳರಿಗೆ 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆ ಹಾಗೂ ಅನಂತರದ ರಫ್ತು ನಿಷೇಧದಿಂದ ಜೀವನೋಪಾಯ ತಪ್ಪಿತ್ತು. ಅದೇ ಕೈಗಳು ಈಗ ಹಾವನ್ನು ಹಿಡಿದು, ಕೆಲವು ವಾರ ಇರಿಸಿಕೊಂಡು, ವಿಷ ತೆಗೆದು, ಮತ್ತೆ ಕಾಡಿಗೆ ಬಿಡುತ್ತವೆ. ನಿಷೇಧ ಹೇರಿ ಬಡವನನ್ನು ಕೈಬಿಡುವ ಅಹಿಂಸೆಗಿಂತ ಇದು ಮೇಲು.

ಈ ಮಾತು ರಾಯಚೂರು ಸೀಮೆಗೆ ದೂರದ್ದಲ್ಲ. ತುಂಗಭದ್ರಾ ಎಡದಂಡೆ ಕಾಲುವೆಯಿಂದ ಮಾನ್ವಿಯಲ್ಲಿ, ನಾರಾಯಣಪುರ ಬಲದಂಡೆ ಕಾಲುವೆಯಿಂದ ದೇವದುರ್ಗದಲ್ಲಿ ಗದ್ದೆಗಳು ಹಬ್ಬಿವೆ; ಭತ್ತವಿದ್ದಲ್ಲಿ ಇಲಿ, ಇಲಿಯಿದ್ದಲ್ಲಿ ನಾಗರ, ಕೊಳಕುಮಂಡಲ. ರಾಯಚೂರು ನಗರದ ಅಕ್ಕಿ ಗಿರಣಿಗಳ ಉಗ್ರಾಣಗಳಿಗೂ ಇದೇ ನಿಯಮ. 2000ದಿಂದ 2019ರವರೆಗೆ ದೇಶದಲ್ಲಿ ಹಾವು ಕಡಿತದಿಂದ ವರ್ಷಕ್ಕೆ ಸರಾಸರಿ 58,000 ಜನ ಸತ್ತರೆಂದು ಸಂಶೋಧಕರ ಅಂದಾಜು. ಸತ್ತವರಲ್ಲಿ ಹೆಚ್ಚಿನವರು ಹಳ್ಳಿಗರು. 2011ರಲ್ಲಿ ಬಿ.ಬಿ.ಸಿ.ಗಾಗಿ ತಯಾರಾದ ಚಿತ್ರದಲ್ಲಿ ವಿಟೇಕರ್ ಈ ಸಾವುಗಳನ್ನೇ ಮುಂದಿಟ್ಟರು. ಸಾಹಸಕ್ಕಿಂತ ಸಂಕಟಕ್ಕೆ ಕಿವಿಗೊಟ್ಟ ಈ ಚಿತ್ರ ಅವರ ಉಳಿದವುಗಳಿಗಿಂತ ತೂಕದ್ದು.

ಒಂದು ಪ್ರಶ್ನೆ ಉಳಿಯುತ್ತದೆ. ಇರುಳರು ತೆಗೆದ ವಿಷವನ್ನು ಕುದುರೆಗಳಿಗೆ ಚುಚ್ಚಿ, ಅವುಗಳ ರಕ್ತದಿಂದ ಪ್ರತಿವಿಷವನ್ನು ತಯಾರಿಸುತ್ತಾರೆ. ಗದ್ದೆಯಲ್ಲಿ ಕಡಿಸಿಕೊಂಡ ಕೂಲಿಯವಳಿಗೆ ಬದುಕಲು ಅದೊಂದೇ ಮದ್ದು. ಹಾವನ್ನೂ ಹೆಂಗಸನ್ನೂ ಉಳಿಸಿದ ವ್ಯವಸ್ಥೆಯ ಲೆಕ್ಕದಲ್ಲಿ ಆ ಕುದುರೆಯ ನೋವನ್ನು ಎಲ್ಲಿ ಬರೆಯಬೇಕೆಂಬುದನ್ನು ವಿಟೇಕರ್ ಅವರ ಅಭಿಮಾನಿಗಳು ಇನ್ನೂ ಕೇಳಿಕೊಳ್ಳಬೇಕಾಗಿದೆ.